ಗೆರೆಗಳನ್ನು ಅಳಿಸಿದ ಗುರು: ಪ್ಯಾಟ್ ಸಮ್ಮಿಟ್ ಅವರ ಮೂವತ್ತೆಂಟು ವರ್ಷಗಳು

ಅಮೆರಿಕದ ಶಾಲೆಗಳಲ್ಲಿ ಓದುತ್ತಿರುವ ನಮ್ಮ ಕನ್ನಡದ ಹೆಣ್ಣುಮಕ್ಕಳಲ್ಲಿ ಅನೇಕರು ಇಂದು ಬಾಸ್ಕೆಟ್‌ಬಾಲ್, ಸಾಕರ್, ಈಜು, ಟೆನಿಸ್ ಎಂದು ಯಾವುದಾದರೊಂದು ಕ್ರೀಡೆಯಲ್ಲಿ ತೊಡಗಿದ್ದಾರೆ. ಹುಡುಗರಿಗೆ ಇರುವಂತೆಯೇ ಹುಡುಗಿಯರಿಗೂ ತಂಡವಿದೆ, ತರಬೇತುದಾರರಿದ್ದಾರೆ, ಪಂದ್ಯಗಳ ವೇಳಾಪಟ್ಟಿಯಿದೆ. ಇದನ್ನು ನಾವು ಸಹಜವೆಂದೇ ಭಾವಿಸುತ್ತೇವೆ. ಆದರೆ ಅರ್ಧ ಶತಮಾನದ ಹಿಂದೆ ಈ ದೇಶದಲ್ಲಿಯೂ ಪರಿಸ್ಥಿತಿ ಹೀಗಿರಲಿಲ್ಲ. 1971–72ರಲ್ಲಿ ಇಡೀ ಅಮೆರಿಕದ ಪ್ರೌಢಶಾಲಾ ತಂಡಗಳಲ್ಲಿ ಆಡುತ್ತಿದ್ದ ಹುಡುಗಿಯರ ಸಂಖ್ಯೆ ಮೂರು ಲಕ್ಷವನ್ನೂ ಮುಟ್ಟಿರಲಿಲ್ಲ. ಇಂದು ಅದು ಮೂವತ್ತು ಲಕ್ಷವನ್ನು ಮೀರಿದೆ. ಈ ಬದಲಾವಣೆಗೆ ನಾಂದಿ ಹಾಡಿದ್ದು 1972ರ ಜೂನ್ 23ರಂದು ಅಧ್ಯಕ್ಷ ನಿಕ್ಸನ್ ಅಂಕಿತ ಹಾಕಿದ 'ಟೈಟಲ್ ನೈನ್' ಎಂಬ ವಿಧಿ. ಕೇಂದ್ರ ಸರ್ಕಾರದ ನೆರವು ಪಡೆಯುವ ಯಾವ ವಿದ್ಯಾಸಂಸ್ಥೆಯೂ ಹೆಣ್ಣು ಗಂಡೆಂಬ ಭೇದ ಮಾಡಕೂಡದು ಎಂದು ಅದು ಹೇಳಿತು. ಆ ವಾಕ್ಯದಲ್ಲಿ ಕ್ರೀಡೆ ಎಂಬ ಪದವೇ ಇರಲಿಲ್ಲ.

ಕಾನೂನು ಹಕ್ಕನ್ನು ಕೊಡಬಲ್ಲದು. ಆ ಹಕ್ಕಿಗೆ ಒಂದು ತಂಡ, ಒಂದು ವ್ಯಾನು, ತೊಳೆದ ಸಮವಸ್ತ್ರ, ಬೆಳಗಿನ ಅಭ್ಯಾಸ, ನೋಡಲು ಬರುವ ಜನ, ಇವೆಲ್ಲವನ್ನೂ ಒದಗಿಸಿ ನಿತ್ಯದ ಬದುಕಿನಲ್ಲಿ ನಿಲ್ಲಿಸುವವರು ಬೇರೆಯೇ ಬೇಕು. ಅಂಥವರಲ್ಲಿ ಅಗ್ರಗಣ್ಯರು ಟೆನ್ನೆಸೀ ವಿಶ್ವವಿದ್ಯಾನಿಲಯದ ಮಹಿಳಾ ಬಾಸ್ಕೆಟ್‌ಬಾಲ್ ತರಬೇತುದಾರರಾಗಿದ್ದ ಪ್ಯಾಟ್ ಸಮ್ಮಿಟ್. ಅವರ ವೃತ್ತಿಜೀವನವನ್ನು ಅರಿಯುವುದೆಂದರೆ, ನಮ್ಮ ಮಕ್ಕಳು ಇಂದು ಆಡುತ್ತಿರುವ ಅಂಕಣ ಹೇಗೆ ಸಿದ್ಧವಾಯಿತೆಂಬುದನ್ನು ಅರಿಯುವುದೇ ಆಗಿದೆ.

ಮೂರು ಭಾಗವಾಗಿದ್ದ ಅಂಕಣ

ಬಾಸ್ಕೆಟ್‌ಬಾಲ್ ಆಟವನ್ನು ಜೇಮ್ಸ್ ನೈಸ್ಮಿತ್ ರೂಪಿಸಿದ್ದು 1891ರ ಡಿಸೆಂಬರ್‌ನಲ್ಲಿ, ಮ್ಯಾಸಚೂಸೆಟ್ಸ್ ರಾಜ್ಯದ ಸ್ಪ್ರಿಂಗ್‌ಫೀಲ್ಡ್‌ನಲ್ಲಿ. ಅಲ್ಲಿಗೆ ಸಮೀಪದಲ್ಲಿಯೇ ಇದ್ದ ಸ್ಮಿತ್ ಮಹಿಳಾ ಕಾಲೇಜಿನಲ್ಲಿ ದೈಹಿಕ ಶಿಕ್ಷಣ ಬೋಧಿಸುತ್ತಿದ್ದ ಸೆಂಡಾ ಬೆರೆನ್ಸನ್ ಎಂಬ ಶಿಕ್ಷಕಿ ಮರುವರ್ಷವೇ ಅದನ್ನು ತಮ್ಮ ವಿದ್ಯಾರ್ಥಿನಿಯರಿಗೆ ಕಲಿಸಿದರು. ಅಂದರೆ ಈ ಆಟ ಹುಟ್ಟಿದ ಕೆಲವೇ ತಿಂಗಳುಗಳಲ್ಲಿ ಹೆಣ್ಣುಮಕ್ಕಳ ಕೈಗೂ ಬಂದಿತ್ತು. ಆದರೆ ಹೆಚ್ಚು ಓಡಿದರೆ ಹೆಣ್ಣಿನ ದೇಹ ದಣಿದು ಕೆಡುತ್ತದೆ, ಮೈಗೆ ಮೈ ತಾಗಿಸಿ ಆಡುವುದು ಸಭ್ಯತೆಯಲ್ಲ ಎಂಬ ನಂಬಿಕೆಗಳು ಆ ಕಾಲದಲ್ಲಿ ಬಲವಾಗಿದ್ದವು. ಅವಕ್ಕೆ ತಕ್ಕಂತೆ ಅಂಕಣವನ್ನು ಗೆರೆ ಎಳೆದು ಮೂರು ಭಾಗ ಮಾಡಲಾಯಿತು. ಒಂದು ಭಾಗದ ಆಟಗಾರ್ತಿ ಇನ್ನೊಂದು ಭಾಗಕ್ಕೆ ಕಾಲಿಡುವಂತಿರಲಿಲ್ಲ. ಎದುರಾಳಿಯ ಕೈಯಿಂದ ಚೆಂಡನ್ನು ಕಸಿಯುವಂತಿರಲಿಲ್ಲ.

ಕಾಲ ಸರಿದಂತೆ ಮೂರು ಭಾಗ ಎರಡಾಯಿತು. ಹಲವು ರಾಜ್ಯಗಳ ಶಾಲೆಗಳಲ್ಲಿ ತಂಡಕ್ಕೆ ಆರು ಮಂದಿಯ ಪದ್ಧತಿ ಉಳಿಯಿತು: ಮೂವರು ಒಂದು ಅರ್ಧದಲ್ಲಿ ಬುಟ್ಟಿಗೆ ಚೆಂಡೆಸೆಯುವವರು, ಮೂವರು ಇನ್ನೊಂದು ಅರ್ಧದಲ್ಲಿ ಬುಟ್ಟಿಯನ್ನು ಕಾಯುವವರು. ನಡುಗೆರೆ ದಾಟುವುದು ನಿಷಿದ್ಧ. ಕಾಯುವ ಪಾಲಿಗೆ ಬಂದ ಹುಡುಗಿ ಶಾಲೆಯ ನಾಲ್ಕು ವರ್ಷ ಆಡಿದರೂ ಪಂದ್ಯದಲ್ಲಿ ಒಮ್ಮೆಯೂ ಬುಟ್ಟಿಗೆ ಗುರಿಯಿಡುವ ಅವಕಾಶವಿಲ್ಲದೆ ಹೊರಬೀಳುವುದಿತ್ತು. ಟೆನ್ನೆಸೀ ಅಂಥ ರಾಜ್ಯಗಳಲ್ಲಿ ಒಂದು.

ತಂಬಾಕಿನ ಹೊಲದಿಂದ

ಆ ರಾಜ್ಯದ ಕ್ಲಾರ್ಕ್ಸ್‌ವಿಲ್ ಎಂಬಲ್ಲಿ 1952ರ ಜೂನ್ 14ರಂದು ಪೆಟ್ರೀಷಿಯಾ ಸ್ಯೂ ಹೆಡ್ ಜನಿಸಿದರು. ಐವರು ಮಕ್ಕಳಲ್ಲಿ ನಾಲ್ಕನೆಯವರು. ಮೇಲಿನ ಮೂವರೂ ಅಣ್ಣಂದಿರು. ಅವರದು ಒಕ್ಕಲುತನದ ಮನೆ. ಹಸುಗಳ ಹಾಲು ಕರೆಯುವುದು, ತಂಬಾಕು ಕಡಿಯುವುದು, ಹುಲ್ಲು ಒಟ್ಟುವುದು ಎಲ್ಲ ಮಕ್ಕಳ ಪಾಲಿಗೂ ಇದ್ದ ದುಡಿಮೆ. ಹೆಣ್ಣೆಂಬ ರಿಯಾಯಿತಿ ಇರಲಿಲ್ಲ. ಸಂಜೆಯಾದ ಮೇಲೆ ಕೊಟ್ಟಿಗೆಯ ಹುಲ್ಲಟ್ಟದ ಮೇಲೆ ಕಟ್ಟಿದ್ದ ಬಳೆಗೆ ಚೆಂಡೆಸೆಯುತ್ತ ಅಣ್ಣಂದಿರೊಡನೆ ಸಮನಾಗಿ ಆಡುತ್ತಿದ್ದರು. ಆ ಹುಲ್ಲಟ್ಟದಲ್ಲಿ ನಡುಗೆರೆ ಇರಲಿಲ್ಲವೆಂಬುದು ಗಮನಾರ್ಹ.

ಮಗಳು ಸೇರಬೇಕಾಗಿದ್ದ ಪ್ರೌಢಶಾಲೆಯಲ್ಲಿ ಹುಡುಗಿಯರ ತಂಡವಿಲ್ಲವೆಂದು ತಿಳಿದಾಗ ತಂದೆ ರಿಚರ್ಡ್ ಹೆಡ್ ಸಂಸಾರವನ್ನೇ ಪಕ್ಕದ ಹೆನ್ರಿಯೆಟ್ಟಾ ಎಂಬ ಹಳ್ಳಿಗೆ ಸಾಗಿಸಿದರು. ಮಾತು ಕಡಿಮೆ, ಶಿಸ್ತು ಹೆಚ್ಚು ಎಂಬ ಸ್ವಭಾವದ ಆ ತಂದೆ ಮಗಳ ಆಟಕ್ಕಾಗಿ ಮನೆ ಬದಲಿಸಿದ್ದು 1960ರ ದಶಕದಲ್ಲಿ, ಟೈಟಲ್ ನೈನ್ ಹುಟ್ಟುವುದಕ್ಕೂ ಮೊದಲು. ಆದರೆ ಕಾಲೇಜಿನ ಹೊತ್ತಿಗೆ ಭೇದ ಕಣ್ಣಿಗೆ ಹೊಡೆಯಿತು. ಅಣ್ಣಂದಿರಿಗೆ ಕ್ರೀಡೆಯ ವಿದ್ಯಾರ್ಥಿವೇತನ ದೊರಕಿತ್ತು; ತಂಗಿ ಮಾರ್ಟಿನ್‌ನಲ್ಲಿರುವ ಟೆನ್ನೆಸೀ ವಿಶ್ವವಿದ್ಯಾನಿಲಯಕ್ಕೆ ಸೇರಿದಾಗ ಶುಲ್ಕವನ್ನು ಮನೆಯವರೇ ಕಟ್ಟಬೇಕಾಯಿತು.

ತಿಂಗಳಿಗೆ 250 ಡಾಲರ್

1974ರಲ್ಲಿ ಪದವಿ ಮುಗಿಸಿ, ಸ್ನಾತಕೋತ್ತರ ವ್ಯಾಸಂಗಕ್ಕೆಂದು ಅವರು ನಾಕ್ಸ್‌ವಿಲ್‌ನ ಟೆನ್ನೆಸೀ ವಿಶ್ವವಿದ್ಯಾನಿಲಯಕ್ಕೆ ಬಂದರು. ತಂಡಕ್ಕೆ ಸಹಾಯಕರಾಗಿ ದುಡಿಯುವುದೆಂದು ಮಾತಾಗಿತ್ತು. ಅಷ್ಟರಲ್ಲಿ ಮುಖ್ಯ ತರಬೇತುದಾರರು ರಜೆಯ ಮೇಲೆ ತೆರಳಿದ್ದರಿಂದ ಆ ಹೊಣೆ ಈ ಹೊಸಬರ ಹೆಗಲಿಗೆ ಬಿತ್ತು. ಆಗ ಅವರ ವಯಸ್ಸು 22. ತಂಡದ ಹಿರಿಯ ಆಟಗಾರ್ತಿಯರಿಗೂ ಅವರಿಗೂ ವರ್ಷದ ಅಂತರವಷ್ಟೇ. ವೇತನ ತಿಂಗಳಿಗೆ 250 ಡಾಲರ್. ಸಮವಸ್ತ್ರಗಳನ್ನು ಕೊಂಡದ್ದು ಡೋನಟ್ ಮಾರಿ ಕೂಡಿಸಿದ ಹಣದಿಂದ. ಅವನ್ನು ಮನೆಯಲ್ಲಿ ತೊಳೆದು ತರುತ್ತಿದ್ದವರು ತರಬೇತುದಾರರೇ. ಹೊರಊರಿನ ಪಂದ್ಯಗಳಿಗೆ ವ್ಯಾನು ಓಡಿಸುತ್ತಿದ್ದವರೂ ಅವರೇ. ಹಗಲು ವ್ಯಾಸಂಗ ಮತ್ತು ಬೋಧನೆ, ಸಂಜೆ ತಂಡದ ತರಬೇತಿ, ಅದಾದ ಮೇಲೆ ಗಾಯಗೊಂಡಿದ್ದ ತಮ್ಮ ಮಂಡಿಯನ್ನು ಸರಿಪಡಿಸಿಕೊಳ್ಳುವ ವ್ಯಾಯಾಮ: ಇದು ಅವರ ದಿನಚರಿಯಾಗಿತ್ತು.

1974ರ ಡಿಸೆಂಬರ್‌ನಲ್ಲಿ ಅವರ ಮೊದಲ ಪಂದ್ಯ. ಮರ್ಸರ್ ವಿಶ್ವವಿದ್ಯಾನಿಲಯದ ಎದುರು 84–83ರಿಂದ, ಒಂದೇ ಅಂಕದ ಅಂತರದಲ್ಲಿ ಸೋಲು. ಮೊದಲ ಗೆಲುವು ಬಂದದ್ದು ಮುಂದಿನ ಜನವರಿಯಲ್ಲಿ.

ಮಂಡಿಯ ವ್ಯಾಯಾಮ ವ್ಯರ್ಥವಾಗಲಿಲ್ಲ. 1976ರ ಮಾಂಟ್ರಿಯಲ್ ಒಲಿಂಪಿಕ್ಸ್‌ನಲ್ಲಿ ಮಹಿಳಾ ಬಾಸ್ಕೆಟ್‌ಬಾಲ್ ಮೊದಲ ಬಾರಿಗೆ ಸೇರ್ಪಡೆಯಾದಾಗ ಅವರು ಅಮೆರಿಕ ತಂಡದ ಇಬ್ಬರು ನಾಯಕಿಯರಲ್ಲಿ ಒಬ್ಬರಾಗಿ ಆಡಿದರು. ಚಿನ್ನ ಸೋವಿಯತ್ ಒಕ್ಕೂಟದ ಪಾಲಾಯಿತು, ಅಮೆರಿಕಕ್ಕೆ ಬೆಳ್ಳಿ. ಎಂಟು ವರ್ಷಗಳ ಬಳಿಕ, 1984ರ ಲಾಸ್ ಏಂಜಲೀಸ್ ಕೂಟದಲ್ಲಿ ಅದೇ ದೇಶದ ತಂಡಕ್ಕೆ ತರಬೇತುದಾರರಾಗಿ ಚಿನ್ನ ಗೆಲ್ಲಿಸಿಕೊಟ್ಟರು.

ಇದೇ ಅವಧಿಯಲ್ಲಿ ತಮ್ಮ ರಾಜ್ಯದ ಶಾಲೆಗಳಲ್ಲಿ ಉಳಿದಿದ್ದ ಆರು ಮಂದಿಯ ಪದ್ಧತಿಯ ವಿರುದ್ಧ ಅವರು ಬಹಿರಂಗವಾಗಿ ದನಿಯೆತ್ತಿದರು. ಅವರ ವಾದ ಸರಳವಾಗಿತ್ತು. ಕಾಲೇಜುಗಳು ಆಡುತ್ತಿರುವುದು ಐದು ಮಂದಿಯ, ಇಡೀ ಅಂಕಣದ ಆಟ. ಅರ್ಧ ಅಂಕಣದಲ್ಲಿ ಕಲಿತ ಹುಡುಗಿಗೆ ಅಲ್ಲಿ ಸ್ಥಾನವೆಲ್ಲಿ? ಸ್ಥಾನವಿಲ್ಲವೆಂದರೆ ವಿದ್ಯಾರ್ಥಿವೇತನವೂ ಇಲ್ಲ. 1976ರಲ್ಲಿ ಓಕ್ ರಿಡ್ಜ್ ಪಟ್ಟಣದ ಶಾಲಾ ಬಾಲಕಿಯೊಬ್ಬಳು ಇದೇ ಕಾರಣ ನೀಡಿ ನ್ಯಾಯಾಲಯದ ಮೆಟ್ಟಿಲೇರಿದಳು. ಕೆಳ ನ್ಯಾಯಾಲಯ ಆಕೆಯ ಪರವಾಗಿ ತೀರ್ಪಿತ್ತರೂ ಮೇಲ್ಮನವಿಯಲ್ಲಿ ಅದು ನಿಲ್ಲಲಿಲ್ಲ. ಆದರೂ ಒತ್ತಡ ತಗ್ಗಲಿಲ್ಲ. 1970ರ ದಶಕ ಮುಗಿಯುವ ಹೊತ್ತಿಗೆ ಟೆನ್ನೆಸೀ ಶಾಲೆಗಳು ಐದು ಮಂದಿಯ ಆಟಕ್ಕೆ ಬದಲಾದವು. ನಡುಗೆರೆಯ ನಿಷೇಧ ಅಳಿಯಿತು. ಇತರ ಕೆಲವು ರಾಜ್ಯಗಳಲ್ಲಿ ಅದು 1990ರ ದಶಕದವರೆಗೂ ಉಳಿದಿತ್ತೆಂದರೆ ಇಂದು ನಂಬುವುದು ಕಷ್ಟ.

ಹದಿಮೂರನೆಯ ವರ್ಷದ ಫಲ

ಆರಂಭದಲ್ಲಿ ಕಾಲೇಜು ಮಹಿಳೆಯರ ಪಂದ್ಯಾವಳಿಗಳನ್ನು ನಡೆಸುತ್ತಿದ್ದುದು ಮಹಿಳೆಯರೇ ಕಟ್ಟಿಕೊಂಡಿದ್ದ ಪ್ರತ್ಯೇಕ ಸಂಘ. ಪುರುಷರ ಕ್ರೀಡೆಗಳನ್ನು ಆಳುತ್ತಿದ್ದ ಎನ್.ಸಿ.ಎ.ಎ. ಸಂಸ್ಥೆ ಮಹಿಳೆಯರ ಬಾಸ್ಕೆಟ್‌ಬಾಲ್ ಪಂದ್ಯಾವಳಿಯನ್ನು ತನ್ನ ಕೈಗೆತ್ತಿಕೊಂಡದ್ದು 1982ರಲ್ಲಿ. ಈ ಎರಡೂ ವ್ಯವಸ್ಥೆಗಳಲ್ಲಿ ಸೇರಿ, 1977ರಿಂದ 1986ರವರೆಗೆ ಸಮ್ಮಿಟ್ ಅವರ ತಂಡ ಏಳು ಬಾರಿ ಕೊನೆಯ ನಾಲ್ಕರ ಹಂತ ತಲುಪಿತು. ಮೂರು ಬಾರಿ ಅಂತಿಮ ಪಂದ್ಯದಲ್ಲಿ ಸೋತಿತು. ದೊಡ್ಡ ಪಂದ್ಯ ಗೆಲ್ಲಲಾರರೆಂಬ ಮಾತು ಹುಟ್ಟುವುದು ಸಹಜವೇ. ಅವರು ಅದೇ ಊರಲ್ಲಿ, ಅದೇ ತಂಡದೊಂದಿಗೆ ಉಳಿದರು. 1987ರಲ್ಲಿ, ತಮ್ಮ ಹದಿಮೂರನೆಯ ಋತುವಿನಲ್ಲಿ, ಲೂಸಿಯಾನಾ ಟೆಕ್ ತಂಡವನ್ನು 67–44ರಿಂದ ಮಣಿಸಿ ಮೊದಲ ರಾಷ್ಟ್ರೀಯ ಕಿರೀಟ ಧರಿಸಿದರು.

ಆಮೇಲೆ 1989, 1991, 1996, 1997, 1998, 2007 ಮತ್ತು 2008. ಒಟ್ಟು ಎಂಟು ಕಿರೀಟಗಳು. ಇವುಗಳಲ್ಲಿ ಎರಡನ್ನು ಒಟ್ಟಿಗೆ ನೋಡಬೇಕು. 1997ರ ತಂಡ ಆ ಋತುವಿನಲ್ಲಿ ಹತ್ತು ಪಂದ್ಯಗಳನ್ನು ಸೋತಿತ್ತು. ಆದರೂ ಕೊನೆಯಲ್ಲಿ ಚಾಂಪಿಯನ್ ಆಯಿತು. ಮರುವರ್ಷ ಚಮೀಕ್ ಹೋಲ್ಡ್ಸ್‌ಕ್ಲಾ, ತಮೀಕಾ ಕ್ಯಾಚಿಂಗ್ಸ್ ಮತ್ತು ಸಮೀಕಾ ರ‍್ಯಾಂಡಲ್ ಅವರಿದ್ದ ತಂಡ ಆಡಿದ 39 ಪಂದ್ಯಗಳನ್ನೂ ಗೆದ್ದಿತು. ಸೋಲುತ್ತಲೇ ತಿದ್ದಿಕೊಂಡ ತಂಡ ಒಂದಾದರೆ, ಸೋಲನ್ನೇ ಕಾಣದ ತಂಡ ಇನ್ನೊಂದು. ಎರಡರ ಹಿಂದೆಯೂ ಇದ್ದದ್ದು ಅದೇ ಅಭ್ಯಾಸ. ರಕ್ಷಣೆಗೆ ಮತ್ತು ಬುಟ್ಟಿಗೆ ತಾಗಿ ಮರಳುವ ಚೆಂಡನ್ನು ಹಿಡಿಯುವುದಕ್ಕೆ ಅವರು ಮೊದಲ ಮಹತ್ವ ಕೊಡುತ್ತಿದ್ದರು. ಬಲ ಹೆಚ್ಚಲೆಂದು ತಮ್ಮ ಆಟಗಾರ್ತಿಯರನ್ನು ವಿಶ್ವವಿದ್ಯಾನಿಲಯದ ಪುರುಷ ವಿದ್ಯಾರ್ಥಿಗಳ ಎದುರು ಅಭ್ಯಾಸಕ್ಕೆ ನಿಲ್ಲಿಸುತ್ತಿದ್ದರು.

ಅವರ ಶಿಸ್ತು ಕಠಿಣವಾಗಿತ್ತು. ತಪ್ಪು ಮಾಡಿದವರತ್ತ ಅವರು ಬೀರುತ್ತಿದ್ದ ತಣ್ಣನೆಯ ನೋಟ ದೇಶದಲ್ಲೆಲ್ಲ ಪ್ರಸಿದ್ಧವಾಗಿತ್ತು. ಎಲ್ಲ ಹುಡುಗಿಯರಿಗೂ ಆ ಪದ್ಧತಿ ಒಗ್ಗಲಿಲ್ಲ. ಇಂದಿನ ತಂದೆತಾಯಿಯರಿಗೆ ಅದರಲ್ಲಿ ಕೆಲವು ಅತಿಯೆನಿಸಲೂಬಹುದು. ಆದರೆ ಅದೇ ಶಿಸ್ತು ಅಂಕಣದ ಹೊರಗೂ ಅನ್ವಯವಾಗುತ್ತಿತ್ತು. ತರಗತಿ ತಪ್ಪಿಸುವಂತಿಲ್ಲ, ಮೊದಲ ಮೂರು ಸಾಲುಗಳಲ್ಲಿಯೇ ಕುಳಿತುಕೊಳ್ಳಬೇಕು. ಇದರ ಫಲವಾಗಿ, ಅವರಲ್ಲಿ ಪೂರ್ಣಾವಧಿ ಆಡಿದ ಪ್ರತಿಯೊಬ್ಬ ಆಟಗಾರ್ತಿಯೂ ಪದವಿ ಪಡೆದೇ ಹೊರಬಂದಳು. ಮೂವತ್ತೆಂಟು ವರ್ಷಗಳಲ್ಲಿ ಇದಕ್ಕೆ ಅಪವಾದವಿಲ್ಲ. ಆಟಕ್ಕೆ ಹೋದರೆ ಓದು ಹಿಂದೆ ಬೀಳುತ್ತದೆಂದು ಚಿಂತಿಸುವ ನಮ್ಮ ಮನೆಗಳಲ್ಲಿ, ಎಂಟು ಕಿರೀಟಗಳಿಗಿಂತ ಈ ಒಂದು ದಾಖಲೆಯನ್ನು ಹೆಚ್ಚು ನೆನೆಯಬೇಕು.

ಮೇಲಿನ ಮೆಟ್ಟಿಲು ಯಾವುದು?

ಮೊದಮೊದಲು ಬೆರಳೆಣಿಕೆಯ ಜನ ನೋಡುತ್ತಿದ್ದ ಈ ಪಂದ್ಯಗಳಿಗೆ 2006ರ ಜನವರಿಯಲ್ಲಿ, ಕನೆಕ್ಟಿಕಟ್ ವಿಶ್ವವಿದ್ಯಾನಿಲಯದ ಎದುರಿನ ಆಟಕ್ಕೆ, 24 ಸಾವಿರಕ್ಕೂ ಹೆಚ್ಚು ಮಂದಿ ಸೇರಿದರು. ಕನೆಕ್ಟಿಕಟ್‌ನ ತರಬೇತುದಾರ ಜೀನೋ ಆರಿಯೆಮಾ ಅವರಿಗೂ ಸಮ್ಮಿಟ್ ಅವರಿಗೂ ಇದ್ದ ಪೈಪೋಟಿ ಮಹಿಳಾ ಬಾಸ್ಕೆಟ್‌ಬಾಲ್ ಅನ್ನು ದೂರದರ್ಶನದ ಮುಖ್ಯ ವೇಳೆಗೆ ತಂದಿತು. ಅದೇ 2006ರಲ್ಲಿ ಸಮ್ಮಿಟ್ ಅವರ ಒಪ್ಪಂದ ವರ್ಷಕ್ಕೆ ಹತ್ತು ಲಕ್ಷ ಡಾಲರ್ ದಾಟಿತು. ಮಹಿಳಾ ಬಾಸ್ಕೆಟ್‌ಬಾಲ್ ತರಬೇತುದಾರರಲ್ಲಿ ಅಂಥ ಮೊತ್ತ ಪಡೆದವರಲ್ಲಿ ಅವರೇ ಮೊದಲಿಗರು.

ಈ ನಡುವೆ ತಮ್ಮದೇ ವಿಶ್ವವಿದ್ಯಾನಿಲಯದ ಪುರುಷರ ತಂಡದ ಹೊಣೆ ಹೊರುವ ಪ್ರಸ್ತಾಪ ಅವರ ಮುಂದೆ ಒಂದಕ್ಕಿಂತ ಹೆಚ್ಚು ಬಾರಿ ಬಂತು. ಅವರು ಒಪ್ಪಲಿಲ್ಲ. ಪುರುಷರ ತಂಡಕ್ಕೆ ಹೋಗುವುದನ್ನು ಬಡ್ತಿಯೆಂದು ಏಕೆ ಕರೆಯಬೇಕೆಂಬುದೇ ಅವರ ಮರುಪ್ರಶ್ನೆಯಾಗಿತ್ತು. ಅಂಕಣದ ಮೇಲಿನ ಗೆರೆಯನ್ನು ನಿಯಮ ಬದಲಿಸಿ ಅಳಿಸಬಹುದು. ಹೆಣ್ಣುಮಕ್ಕಳೊಂದಿಗಿನ ಕೆಲಸ ಕೆಳಗಿನ ಮೆಟ್ಟಿಲು ಎಂದು ಮನಸ್ಸಿನಲ್ಲಿ ಎಳೆದಿರುವ ಗೆರೆಯನ್ನು ಅಳಿಸಲು ಹೀಗೆ ಯಾರಾದರೂ ನಿಂತ ನೆಲದಲ್ಲಿಯೇ ನಿಲ್ಲಬೇಕಾಗುತ್ತದೆ.

ಆದರೆ ಇತಿಹಾಸ ಒಂದೇ ದಿಕ್ಕಿನಲ್ಲಿ ಸಾಗುವುದಿಲ್ಲ. 1972ರಲ್ಲಿ ಅಮೆರಿಕದ ಕಾಲೇಜುಗಳ ಮಹಿಳಾ ತಂಡಗಳಲ್ಲಿ ನೂರಕ್ಕೆ ತೊಂಬತ್ತಕ್ಕೂ ಹೆಚ್ಚು ತಂಡಗಳಿಗೆ ಮಹಿಳೆಯರೇ ತರಬೇತುದಾರರಾಗಿದ್ದರು. ಹಣವೂ ಹೆಸರೂ ಬಂದ ಮೇಲೆ ಆ ಹುದ್ದೆಗಳಿಗೆ ಪುರುಷರೂ ಬಂದರು. 2014ರ ಹೊತ್ತಿಗೆ ಮಹಿಳೆಯರ ಪಾಲು ಅರ್ಧಕ್ಕಿಂತ ಕೆಳಗಿಳಿದಿತ್ತು. ಪುರುಷರ ತಂಡಗಳಲ್ಲಿ ಮಹಿಳಾ ತರಬೇತುದಾರರು ಮಾತ್ರ ಅಂದೂ ಇಂದೂ ಅತಿ ವಿರಳ. ತಿಂಗಳಿಗೆ 250 ಡಾಲರ್‌ಗೆ ಬಟ್ಟೆ ತೊಳೆದ ಪೀಳಿಗೆ ಬೆಳೆಸಿದ ಮರದ ನೆರಳಲ್ಲಿ ಆ ಪೀಳಿಗೆಯ ಹೆಣ್ಣುಮಕ್ಕಳಿಗೇ ಜಾಗ ಕಿರಿದಾಯಿತು. ಸಮ್ಮಿಟ್ ಅವರ ಕೈಕೆಳಗೆ ಆಡಿದ ಹತ್ತಾರು ಮಂದಿ ತಾವೂ ತರಬೇತುದಾರರಾದರೆಂಬ ಸಂಗತಿಗೆ ಈ ಹಿನ್ನೆಲೆಯಲ್ಲಿ ಹೆಚ್ಚಿನ ಬೆಲೆಯಿದೆ.

ಅರವತ್ತಕ್ಕೆ ಮುನ್ನ

2009ರ ಫೆಬ್ರವರಿಯಲ್ಲಿ ಅವರು ಸಾವಿರದ ಗೆಲುವನ್ನು ಕಂಡರು. 2011ರಲ್ಲಿ, 58ರ ವಯಸ್ಸಿನಲ್ಲಿ, ನೆನಪು ಕೈಕೊಡುತ್ತಿರುವುದು ಅವರಿಗೇ ಅರಿವಾಗಿ ವೈದ್ಯರಲ್ಲಿಗೆ ಹೋದರು. ಅಲ್ಜೈಮರ್ಸ್ ಬಗೆಯ ಅಕಾಲಿಕ ಮರೆವಿನ ಕಾಯಿಲೆಯೆಂದು ತಿಳಿಯಿತು. ಎದುರಾಳಿಗಳ ಆಟದ ತಂತ್ರಗಳನ್ನೆಲ್ಲ ತಲೆಯಲ್ಲಿಟ್ಟುಕೊಂಡಿದ್ದವರಿಗೆ ಬಂದ ಕಾಯಿಲೆಯಿದು. ಆ ವರ್ಷದ ಆಗಸ್ಟ್‌ನಲ್ಲಿ ಅವರು ಅದನ್ನು ಮುಚ್ಚಿಡದೆ ಲೋಕಕ್ಕೆ ತಿಳಿಸಿದರು. ತಿಳಿಸಿ, ಇನ್ನೂ ಒಂದು ಋತು ತಂಡದ ಜೊತೆಗೇ ಇದ್ದರು.

'ಅರವತ್ತಕ್ಕೆ ಅರಳು ಮರಳು' ಎಂದು ನಮ್ಮಲ್ಲಿ ಗಾದೆಯಿದೆ. ಮರೆವನ್ನು ವಯಸ್ಸಿನ ಲಕ್ಷಣವೆಂದು ನಕ್ಕು ಬಿಡುವುದು, ಇಲ್ಲವೇ ಮನೆಯ ಮಾತು ಹೊರಗೆ ಬೇಡವೆಂದು ಮುಚ್ಚುವುದು ನಮಗೆ ರೂಢಿ. ಊರಿನಲ್ಲಿರುವ ಅಪ್ಪ ಅಮ್ಮಂದಿರ ದನಿಯನ್ನು ವಾರಕ್ಕೊಮ್ಮೆ ದೂರವಾಣಿಯಲ್ಲಿ ಮಾತ್ರ ಕೇಳುವ ನಮಗೆ ಅದು ಬೇಗ ತಿಳಿಯುವುದೂ ಇಲ್ಲ. ಅದು ರೋಗ, ಅದಕ್ಕೆ ಹೆಸರಿದೆ, ಅದರಲ್ಲಿ ನಾಚಿಕೆಪಡುವಂಥದ್ದೇನೂ ಇಲ್ಲವೆಂದು ದೇಶದ ಅತ್ಯಂತ ಗಟ್ಟಿ ಹೆಣ್ಣುಮಗಳೆಂದು ಹೆಸರಾದವರೊಬ್ಬರು ಹೇಳಿದ್ದು ಅನೇಕ ಕುಟುಂಬಗಳ ಬಾಯಿ ತೆರೆಸಿತು. ಸಂಶೋಧನೆಗೂ ಆರೈಕೆಗೂ ನೆರವಾಗಲೆಂದು ಅವರ ಹೆಸರಿನಲ್ಲಿ ಪ್ರತಿಷ್ಠಾನವೊಂದು ಆರಂಭವಾಯಿತು. ಅದಕ್ಕೆ ದೇಣಿಗೆ ಕೊಟ್ಟ ಮೊದಲಿಗರ ಸಾಲಿನಲ್ಲಿ ಹಳೆಯ ಪ್ರತಿಸ್ಪರ್ಧಿ ಆರಿಯೆಮಾ ಇದ್ದರು.

2012ರ ಏಪ್ರಿಲ್‌ನಲ್ಲಿ ಸಮ್ಮಿಟ್ ನಿವೃತ್ತರಾದರು. 1,098 ಗೆಲುವು, 208 ಸೋಲು; ಸೋಲು ಹೆಚ್ಚಾದ ಒಂದು ಋತುವೂ ಇಲ್ಲ. ಆ ಹೊತ್ತಿಗೆ ಕಾಲೇಜು ಬಾಸ್ಕೆಟ್‌ಬಾಲ್‌ನ ಮೊದಲ ದರ್ಜೆಯಲ್ಲಿ, ಪುರುಷರ ತಂಡಗಳನ್ನೂ ಸೇರಿಸಿ, ಅಷ್ಟು ಗೆಲುವುಗಳು ಬೇರೆ ಯಾರಿಗೂ ಇರಲಿಲ್ಲ. ತೆರವಾದ ಸ್ಥಾನಕ್ಕೆ ಬಂದವರು ಹಾಲಿ ವಾರ್ಲಿಕ್: 1970ರ ದಶಕದಲ್ಲಿ ಅವರದೇ ತಂಡದಲ್ಲಿ ಆಡಿ, ಮುಂದೆ ದಶಕಗಳ ಕಾಲ ಅವರಿಗೆ ಸಹಾಯಕರಾಗಿದ್ದ ಶಿಷ್ಯೆ. ಅದೇ ವರ್ಷ ಅಧ್ಯಕ್ಷ ಒಬಾಮ ಅವರು ಸಮ್ಮಿಟ್ ಅವರಿಗೆ ದೇಶದ ಅತ್ಯುನ್ನತ ನಾಗರಿಕ ಗೌರವವಾದ ಸ್ವಾತಂತ್ರ್ಯ ಪದಕವನ್ನು ಪ್ರದಾನ ಮಾಡಿದರು. 2016ರ ಜೂನ್ 28ರಂದು, 64ನೆಯ ವಯಸ್ಸಿನಲ್ಲಿ, ಅವರು ತೀರಿಕೊಂಡರು.

ಗೆಲುವಿನ ಸಂಖ್ಯೆಯಲ್ಲಿ 2020ರ ಡಿಸೆಂಬರ್‌ನಲ್ಲಿ ಸ್ಟ್ಯಾನ್‌ಫರ್ಡ್‌ನ ಟಾರಾ ವ್ಯಾನ್‌ಡರ್‌ವೀರ್ ಅವರನ್ನು ದಾಟಿದರು. ಆಮೇಲೆ ಆರಿಯೆಮಾ ಕೂಡ ದಾಟಿದರು. ದಾಖಲೆಗಳ ಹಣೆಬರಹವೇ ಅಷ್ಟು. ಸಮ್ಮಿಟ್ ಅವರ ತಂಡದ ಹೆಸರು 'ಲೇಡಿ ವಾಲಂಟಿಯರ್ಸ್', ಅಂದರೆ ಸ್ವಯಂಸೇವಕಿಯರು; ಟೆನ್ನೆಸೀ ರಾಜ್ಯಕ್ಕಿರುವ ಅಡ್ಡಹೆಸರಿನಿಂದ ಬಂದದ್ದು. ಯಾರೂ ಕೇಳದಿದ್ದರೂ ಸಮವಸ್ತ್ರ ತೊಳೆದು, ವ್ಯಾನು ಓಡಿಸಿ, ಮರುದಿನ ಮತ್ತೆ ಅಂಕಣಕ್ಕೆ ಬಂದ ಆ ಮೊದಲ ವರ್ಷಗಳಿಗೆ ಈ ಹೆಸರು ಚೆನ್ನಾಗಿ ಒಪ್ಪುತ್ತದೆ. ಕಾಗದದ ಮೇಲಿದ್ದ ಹಕ್ಕು ನೆಲಕ್ಕಿಳಿದದ್ದು ಅಂಥ ದುಡಿಮೆಯಿಂದ. ನಮ್ಮ ಹೆಣ್ಣುಮಕ್ಕಳಿಗೆ ಈ ಕಥೆಯನ್ನು ಹೇಳೋಣ. ಅವರಲ್ಲಿ ಯಾರಿಗಾದರೂ ಆಡುವುದರ ಜೊತೆಗೆ ಮುಂದೊಮ್ಮೆ ಕಲಿಸುವ ಮನಸ್ಸೂ ಆದರೆ, ಅದನ್ನು ಕಡಿಮೆಯ ಕೆಲಸವೆಂದು ನಾವು ತಡೆಯದಿರೋಣ.